ಆಕ್ಷೇಪಣೆಗೆ ಮೂವತ್ತು ದಿನ

ಸರ್ಕಾರಿ ಮುದ್ರಣಾಲಯದಲ್ಲಿ ಇಪ್ಪತ್ತಾರು ವರ್ಷದಿಂದ ಪ್ರೂಫ್ ತಿದ್ದುತ್ತಿದ್ದವನಿಗೆ ಜೊತೆಯವರು ಇಟ್ಟ ಅಡ್ಡಹೆಸರು ಒತ್ತಕ್ಷರ. ಅವನಿಗೆ ಅದರಿಂದ ಒಳಗೊಳಗೇ ಹೆಮ್ಮೆ. ಗೆಜೆಟ್ಟಿನ ನೋಟೀಸುಗಳನ್ನು ಅವನು ಕೊನೆಯ ಪದದಿಂದ ಹಿಂದಕ್ಕೆ ಓದುತ್ತಿದ್ದ. ಅರ್ಥ ತಲೆಗೆ ಹತ್ತಿದರೆ ಕಣ್ಣು ಮೈಮರೆಯುತ್ತದೆ, ತಪ್ಪು ನುಸುಳುತ್ತದೆ ಎಂಬುದು ಮಹಾಶಯನ ವಾದ. ಅವನ ಮೇಜು ದಾಟಿದ ಹಾಳೆಯಲ್ಲಿ ತಪ್ಪು ಹಿಡಿಯುವವರು ಇನ್ನೂ ಹುಟ್ಟಿರಲಿಲ್ಲ.

ಒಂದು ಬೆಳಿಗ್ಗೆ ಭೂಸ್ವಾಧೀನ ಕಚೇರಿಯ ಇಬ್ಬರು ಬಂದು ಅವನ ಅಕ್ಕನ ಹೊಲಿಗೆ ಅಂಗಡಿಯ ಗೋಡೆಗೆ ಕೆಂಪು ಗೆರೆ ಎಳೆದು ಹೋದರು. ರಸ್ತೆ ಅಗಲವಾಗುತ್ತದಂತೆ, ಅಂಗಡಿ ಹೋಗುತ್ತದಂತೆ. ಅಪ್ಪ ಕಟ್ಟಿಸಿದ ಹತ್ತಡಿ ಕೋಣೆ, ಕಾಗದಪತ್ರ ಇನ್ನೂ ಅಪ್ಪನ ಹೆಸರಲ್ಲೇ ಇತ್ತು. ಗಂಡ ಬಿಟ್ಟುಹೋದ ಮೇಲೆ ಅಕ್ಕ ಅದರಲ್ಲಿ ಕೂತೇ ಮಗಳನ್ನು ದಡ ಸೇರಿಸಿದ್ದಳು.

ಅವನು ಅವಳ ಬಟ್ಟೆ ಕತ್ತರಿಸುವ ಮೇಜಿನ ಮೇಲೆಯೇ ಅರ್ಜಿ ಬರೆಯಲು ಕೂತ. ‘ಆಕ್ಷೇಪಣೆ’ ಎಂದು ತಲೆಬರಹ ಹಾಕಿದವನು ಸುಮ್ಮನಿರಬೇಕಲ್ಲ, ಪಾಠ ಶುರುಮಾಡಿದ.

“ಕ್ಷಿಪ್ ಅಂದ್ರೆ ಎಸೆ ಅಂತ. ಮುಂದಿರೋ ‘ಆ’ ಅಂದ್ರೆ ಕಡೆಗೆ. ನಮ್ಮ ಮಾತನ್ನ ಎದುರಿನವರತ್ತ ಎಸೆಯೋದು ಕಣಕ್ಕ ಇದು.”

“ಹಾಗಾದ್ರೆ ಮುಖಕ್ಕೇ ಬೀಳೋ ಹಾಗೆ ಎಸಿ,” ಎಂದಳು ಅಕ್ಕ.

ಕಚೇರಿಯ ಗುಮಾಸ್ತ ಅರ್ಜಿಯ ತಲೆಬರಹ ನೋಡಿಯೇ ಹಿಂದಕ್ಕೆ ತಳ್ಳಿದ. ಅವಧಿ ಮುಗಿದು ಎರಡು ತಿಂಗಳಾಗಿತ್ತಂತೆ. ಅಂಗಡಿಗೆ ನೋಟೀಸೇ ಬಂದಿಲ್ಲವೆಂದು ಇವನು ರೇಗಿದ. ಗುಮಾಸ್ತ ರೇಗಲಿಲ್ಲ, ಹಳೆಯ ಗೆಜೆಟ್ ತೆಗೆದು ಮುಂದಿಟ್ಟ.

“ಅಚ್ಚಾಗಿದೆ ನೋಡಿ ಸಾರ್. ಯಾರೂ ಬೇಡ ಅನ್ಲಿಲ್ಲ. ಅಂದ್ರೆ ಎಲ್ಲರಿಗೂ ಒಪ್ಪಿಗೆ ಅಂತಲೇ.”

ಪಟ್ಟಿಯಲ್ಲಿ ಅಪ್ಪನ ಹೆಸರಿತ್ತು. ಅದನ್ನು ಕಂಡದ್ದೇ ಅವನಿಗೆ ಆ ಪ್ರೂಫ್ ನೆನಪಾಯಿತು. ಅಚ್ಚು ಜೋಡಿಸುವವನು ಆ ಹೆಸರಿನ ದೀರ್ಘವೊಂದನ್ನು ನುಂಗಿದ್ದ. ಕೆಂಪು ಶಾಯಿಯಲ್ಲಿ ಅದನ್ನು ಮತ್ತೆ ಹಾಕಿದವನು ತಾನೇ. ಮೂವತ್ತು ದಿನಗಳೊಳಗೆ ಆಕ್ಷೇಪಣೆ ಸಲ್ಲಿಸತಕ್ಕದ್ದು ಎಂಬ ಸಾಲನ್ನೂ ಅಕ್ಷರ ಅಕ್ಷರ ಪರೀಕ್ಷಿಸಿ, ತಪ್ಪಿಲ್ಲವೆಂದು ರುಜು ಹಾಕಿದ್ದ. ದೀರ್ಘ ಕಂಡಿತ್ತು, ಅಪ್ಪ ಕಂಡಿರಲಿಲ್ಲ. ಥೂ ನನ್ನ ಜನ್ಮಕ್ಕಿಷ್ಟು, ಎಂದುಕೊಂಡ.

ಅಕ್ಕನಿಗೆ ಸುಳ್ಳು ಹೇಳಬಹುದಿತ್ತು, ಬಾಯಿ ಬರಲಿಲ್ಲ. ನಡೆದದ್ದೆಲ್ಲ ಹೇಳಿಬಿಟ್ಟ. ಅಕ್ಕ ಮೆಷಿನ್ ನಿಲ್ಲಿಸಿ, ಅದು ಯಾವ ತಿಂಗಳು ಎಂದು ಕೇಳಿದಳು. ಹೇಳಿದ.

“ಆ ಮೂವತ್ತು ದಿನಾನೂ ನೀನು ಮಧ್ಯಾಹ್ನ ಇಲ್ಲೇ ನನ್ನ ಜೊತೆ ಉಂಡಿದ್ದೆ ಕಣೋ.”

ಬೈದಿದ್ದರೆ ಅವನು ಬದುಕಿಕೊಳ್ಳುತ್ತಿದ್ದ. ಅವಳು ಬೈಯಲಿಲ್ಲ. ಎದ್ದು, ಗಿರಾಕಿಗಳ ಬಟ್ಟೆಗಳನ್ನು ಹಳೆಯ ಸೀರೆಯೊಂದರಲ್ಲಿ ಗಂಟು ಕಟ್ಟತೊಡಗಿದಳು. ಅವನು ಒಂದು ತುದಿ ಹಿಡಿಯಲು ಹೋದಾಗ ಅವನ ಕೈಯನ್ನು ಮೆಲ್ಲಗೆ ಸರಿಸಿದಳು.