ಓದಿದ ಬೀಜ, ಓದದ ಬೀಜ

ಕನ್ನಡ ನಾಡು ಒಂದಾದ ವರ್ಷ ಅದು. ನನ್ನ ಮಗಳು ಬದ್ರುನ್ನೀಸಾಗೆ ಹಿಂದಿನ ದಿನದಿಂದ ಹೆರಿಗೆ ನೋವು. ಆಸ್ಪತ್ರೆಯಲ್ಲಿ ಒಳಗೆ ನನ್ನನ್ನು ಬಿಡಲಿಲ್ಲ, ಮನೆಗೆ ಕಳಿಸಿದರು. ಬೆಳಿಗ್ಗೆ ಬಂದ ಅಳಿಯ, "ತಾಯಿ ಉಳಿಯೋದೇ ಕಷ್ಟ ಅಂದ್ರು" ಎಂದವನು ನನ್ನ ಮುಖ ಕೂಡ ನೋಡದೆ ಬಂದ ಜಟಕಾದಲ್ಲೇ ವಾಪಸು ಹೋದ. ಸುಮ್ಮನೆ ಕೂತು ಅಳುವ ಹೆಂಗಸು ನಾನಲ್ಲ. ಮಂಡಿ ಮೊಹಲ್ಲಾದ ನಮ್ಮ ಗಲ್ಲಿಯ ಹೆಂಗಸರನ್ನೆಲ್ಲ ಕರೆದೆ. ನಡುಮನೆಯಲ್ಲಿ ಬಿಳಿ ದುಪ್ಪಟಿ ಹಾಸಿ, ಹುಣಸೆಬೀಜ ಸುರಿದು, ಆಯತೆ ಕರೀಮಾ ಓದಲು ಕೂತೆವು.

ಮೀನಿನ ಹೊಟ್ಟೆಯ ಕತ್ತಲಲ್ಲಿ ಸಿಕ್ಕಿಕೊಂಡ ಯೂನುಸ್ ನಬಿ ದೇವರನ್ನು ಕೂಗಿದ ಮಾತು ಅದು. ಒಂದು ಸಲ ಓದಿದರೆ ಒಂದು ಬೀಜ ಆಚೆಯ ರಾಶಿಯಿಂದ ಈಚೆಗೆ ಬರಬೇಕು. ಆಚೆಯದು ಖಾಲಿಯಾದರೆ ಓದು ಮುಗಿದಂತೆ.

ಪಕ್ಕದ ಮನೆಯ ದೇವಿರಮ್ಮ ಎಲ್ಲರಿಗೂ ಕಾಫಿ ತಂದುಕೊಟ್ಟು ಗೋಡೆಗೊರಗಿ ಕೂತಿದ್ದಳು. ಬೀದಿಯಲ್ಲಿ ಜಟಕಾ ನಿಂತ ಸದ್ದಾಯಿತು. ಅಳಿಯ ಬಂದನೆಂದು ನಾವೆಲ್ಲ ಬಾಗಿಲಿಗೆ ನುಗ್ಗಿದೆವು. ನೋಡಿದರೆ ಎದುರುಮನೆಯ ನೆಂಟರು. ಒಳಗೆ ಬಂದರೆ ದುಪ್ಪಟಿಯ ಮೇಲೆ ಒಂದೇ ರಾಶಿ.

"ಏನೇ ಮಾಡ್ದೆ ದೇವಿರಮ್ಮ?"

"ನೀವು ಎದ್ದಾಗ ಕಾಲಿಗೆ ಸಿಕ್ಕಿ ಚೆಲ್ಲಾಡ್ತಿದ್ವು. ಒಟ್ಟು ಮಾಡ್ಬುಟ್ಟೆ ಕಣವ್ವ."

"ಓದಿದ್ದು ಯಾವುದು, ಓದದೇ ಇರೋದು ಯಾವುದು ಅಂತ ಈಗ ಯಾರು ಹೇಳ್ತಾರೆ? ನನ್ನ ಮಗಳ ಜೀವಾನೇ ಗುಡಿಸಿ ಹಾಕ್ದಲ್ಲೇ!"

ಅವಳ ಮುಖ ಬಿಳಿಚಿಕೊಂಡಿತು. ನನಗೆ ಮರುಕ ಬರಲಿಲ್ಲ. ಮೊದಲಿನಿಂದ ಓದಬೇಕು ಎಂದರು ಹಿರಿಯರಾದ ಪ್ಯಾರೀಜಾನ್. ಆದರೆ ಮಧ್ಯಾಹ್ನವಾಗಿತ್ತು, ಮಕ್ಕಳಿಗೆ ಅನ್ನ ಹಾಕಲು ಒಬ್ಬೊಬ್ಬರೇ ಎದ್ದು ಹೋದರು. ನಾನೊಬ್ಬಳೇ ಉಳಿದೆ.

ದೇವಿರಮ್ಮ ಹತ್ತಿರ ಸರಿದಳು. "ನಿಮ್ಮ ಮಾತು ನಂಗೆ ಬರಾಕಿಲ್ಲ ಬೂಬಮ್ಮ. ನೀನು ಓದು, ಬೀಜ ನಾನು ಹಾಕ್ತೀನಿ."

ನಾನು ಓದಲು ಶುರು ಮಾಡಿದೆ. ನಾಲಿಗೆ ತೊದಲಿತು. ಅವಳ ಕೈ ಮಾತ್ರ ತಪ್ಪಲಿಲ್ಲ. ನಾನು ಪೂರ್ತಿ ಓದುವ ತನಕ ಬೀಜವನ್ನು ಬೆರಳಲ್ಲೇ ಹಿಡಿದು ಕಾಯುತ್ತಿದ್ದಳು.

ಆಚೆಯ ರಾಶಿ ಒಂದು ಹಿಡಿಯಷ್ಟಾದಾಗ ಅಳಿಯ ಬಂದು ಹೊಸ್ತಿಲಲ್ಲಿ ನಿಂತ. ತಲೆ ಎತ್ತಲು ನನಗೆ ಧೈರ್ಯ ಸಾಲಲಿಲ್ಲ. ಕೊನೆಯ ಬೀಜ ಈಚೆ ಬಿದ್ದ ಮೇಲೆಯೇ ಅವನನ್ನು ನೋಡಿದೆ.

"ಬದ್ರು ಉಳಿದಳು, ಅಮ್ಮೀ."

"ಮಗು?"

"ಗಂಡು. ಉಸಿರಿದೆ, ಅಷ್ಟೆ. ಸಂಜೆ ದಾಟಬೇಕಂತೆ."

ದೇವಿರಮ್ಮ ಈಚೆಯ ಬೀಜವನ್ನೆಲ್ಲ ಎರಡು ಕೈಯಲ್ಲೂ ಬಾಚಿ ಮತ್ತೆ ಆಚೆ ಸುರಿದಳು.

"ಇದು ಮಗೂಗೆ" ಎಂದಳು. "ಓದು."