ಹದಿನಾರರ ಲೆಕ್ಕ

ಚಿಪ್ಪಣ್ಣನಿಗೆ ಬೆಳಗಿನಿಂದ ಮೈಯೆಲ್ಲ ಉರಿಯುತ್ತಿತ್ತು. ತನ್ನ ಫೋನ್ ರಿಪೇರಿ ಅಂಗಡಿಯ ಬಾಗಿಲನ್ನು ಅರ್ಧ ಎಳೆದು, ಬಂದ ಗಿರಾಕಿಗಳನ್ನೆಲ್ಲ "ನಾಳೆ ಬನ್ನಿ" ಎಂದು ಸಾಗಹಾಕಿ, ಉಗುರಿನಷ್ಟಗಲದ ಒಂದು ಹಳೇ ಸಿಮ್ ಕಾರ್ಡಿನ ಜೊತೆ ಜಟಾಪಟಿಗೆ ಇಳಿದಿದ್ದ.

ಎಲ್ಲಕ್ಕೂ ಕಾರಣ ಹಿಂದಿನ ದಿನ ಬಂದ ಒಂದು ಫೋನು. ಹಳೆಯ ಯಂತ್ರಗಳ ಸಂಗ್ರಹಾಲಯದ ಮೇಡಂ ಒಬ್ಬರು ಮಾತಾಡಿದ್ದರು. ಮೊಬೈಲ್ ಶುರುವಾದ ಕಾಲದ ಹವ್ಯಾಸಿಗಳ ಕೆಲಸವನ್ನು ಪ್ರದರ್ಶನಕ್ಕೆ ಇಡುತ್ತಿದ್ದಾರಂತೆ. ಒಂದೇ ಕಾರ್ಡಿನಲ್ಲಿ ಎರಡು ನಂಬರ್ ಕೂರಿಸುವ ಪ್ರೋಗ್ರಾಂ ಬರೆದವರು ನಿಮಗೆ ಗೊತ್ತೇ ಎಂದು ಕೇಳಿ, ಒಂದು ಹೆಸರು ಹೇಳಿದರು. ಚಿಪ್ಪಣ್ಣನ ಹಳೇ ಜೊತೆಗಾರ ಗುಮ್ಮನ ಹೆಸರು! ಯಾವುದೋ ಹಳೇ ವೆಬ್‌ಸೈಟಿನಲ್ಲಿ ಅವನೊಬ್ಬನ ಹೆಸರೇ ಇತ್ತಂತೆ.

"ಅದನ್ನ ಮಾಡಿದ್ದು ನಾವಿಬ್ರು ಮೇಡಂ!" ಎಂದು ಚಿಪ್ಪಣ್ಣ ಕೂಗಿಯೇ ಬಿಟ್ಟಿದ್ದ. "ಮೊದಲನೇ ಕಾರ್ಡು ನನ್ನ ಹತ್ರಾನೇ ಇದೆ. ಅದರೊಳಗೆ ಇಬ್ಬರ ಹೆಸರೂ ಇದೆ."

"ಹಾಗಾದ್ರೆ ನಾಳೆ ನಾಲ್ಕು ಗಂಟೆಯೊಳಗೆ ಕಳಿಸಿ ಸರ್. ಆಮೇಲೆ ಫಲಕ ಅಚ್ಚಿಗೆ ಹೋಗುತ್ತೆ."

ಈಗಿನವರಿಗೆ ಹೇಳಿದರೆ ನಗುತ್ತಾರೆ. ಆಗ ಎರಡು ನಂಬರ್ ಬೇಕಾದವರು ಎರಡು ಫೋನ್ ಹೊತ್ತು ತಿರುಗಬೇಕಿತ್ತು. ಚಿಪ್ಪಣ್ಣ ಬೆಸುಗೆಯಲ್ಲಿ ಗಟ್ಟಿಗ, ಗುಮ್ಮ ಪ್ರೋಗ್ರಾಂ ಬರೆಯುವುದರಲ್ಲಿ. ಬಾಯಿ ಬಿಟ್ಟರೆ ಮುತ್ತು ಉದುರುತ್ತದೇನೋ ಎಂಬಂತೆ ಸುಮ್ಮನಿರುತ್ತಿದ್ದನಾದ್ದರಿಂದ ಅವನಿಗೆ ಆ ಅಡ್ಡಹೆಸರು. ಇಬ್ಬರೂ ತಮ್ಮ ತಮ್ಮ ಸಿಮ್ಮನ್ನು ಕಂಪ್ಯೂಟರಿಗೆ ಸಿಕ್ಕಿಸಿ, ಗಂಟೆಗಟ್ಟಲೆ ಸಾವಿರಾರು ಪ್ರಶ್ನೆ ಕೇಳಿಸಿ, ಅದರ ಹೊಟ್ಟೆಯೊಳಗಿನ ಗುಟ್ಟಿನ ಸಂಖ್ಯೆಯನ್ನು ಹೊರಡಿಸಿದ್ದರು. ಮೊದಲು ಪ್ರಯೋಗಕ್ಕಿಟ್ಟ ಒಂದು ಸಿಮ್ಮಂತೂ ಆ ಪ್ರಶ್ನೆಗಳ ಕಾಟ ತಾಳಲಾರದೆ ಸತ್ತೇ ಹೋಗಿತ್ತು. ಸಿಕ್ಕ ಸಂಖ್ಯೆಗಳನ್ನು ಖಾಲಿ ಕಾರ್ಡೊಂದಕ್ಕೆ ಬರೆದು, ಅದು ಫೋನಿನೆದುರು ಅಸಲಿ ಸಿಮ್ಮಿನಂತೆ ನಾಟಕವಾಡುವ ಹಾಗೆ ಮಾಡಿದ್ದರು.

ಅಷ್ಟೆಲ್ಲ ಮಾಡಿ, ಕೆಲಸ ಮುಗಿದ ಮರುವಾರವೇ ಗುಮ್ಮ ಅಂಗಡಿಗೆ ಬರುವುದನ್ನು ಬಿಟ್ಟ. ಒಂದು ಮಾತಿಲ್ಲ, ಕತೆಯಿಲ್ಲ. ಆಮೇಲೆ ನೋಡಿದರೆ ಪ್ರೋಗ್ರಾಮನ್ನು ತನ್ನೊಬ್ಬನ ಹೆಸರಿನಲ್ಲಿ ಊರಿಗೆಲ್ಲ ಹಂಚುತ್ತಿದ್ದ. ಎರಡು ದಶಕ ಕಳೆದರೂ ಚಿಪ್ಪಣ್ಣನಿಗೆ ಆ ಸಿಟ್ಟು ಇಳಿದಿರಲಿಲ್ಲ.

ಕಾರ್ಡನ್ನು ಹಳೇ ಫೋನಿಗೆ ಹಾಕಿದರೆ ಅದು ಪಿನ್ ಕೇಳಿತು. ಪಿನ್ ಯಾರಿಗೆ ನೆನಪಿದೆ?

"ನಮ್ಮ ಮದುವೆ ದಿನ ಹಾಕಿ ನೋಡಿ," ಎಂದಳು ಕೌಂಟರಿನಲ್ಲಿ ಫೋನೊಂದಕ್ಕೆ ಗಾಜು ಅಂಟಿಸುತ್ತಿದ್ದ ಹೆಂಡತಿ. ಹಾಕಿದ. ತಪ್ಪು.

"ನಾವು ಮದುವೆ ಆಗಿದ್ದು ಹದಿನಾಲ್ಕನೇ ತಾರೀಖು. ಹದಿನೈದಲ್ಲ," ಎಂದಳು ಅವಳು ತಣ್ಣಗೆ.

ಹದಿನಾಲ್ಕೂ ತಪ್ಪಾಯಿತು. ಇನ್ನೊಂದು ಸಲ ತಪ್ಪಿದರೆ ಕಾರ್ಡಿಗೆ ಬೀಗ. ಚಿಪ್ಪಣ್ಣ ಹಲ್ಲು ಕಡಿಯುತ್ತಾ ಅಟ್ಟ ಹತ್ತಿ, ಧೂಳು ಹಿಡಿದ ಕಂಪ್ಯೂಟರನ್ನೂ ಆಗ ತಾವೇ ಮಾಡಿದ್ದ ಕಾರ್ಡ್ ರೀಡರನ್ನೂ ಇಳಿಸಿದ. ರೀಡರಿಗೆ ಪಿನ್ನಿನ ಹಂಗಿರಲಿಲ್ಲ, ಒಳಗಿದ್ದದ್ದನ್ನೆಲ್ಲ ಇದ್ದ ಹಾಗೇ ತೋರಿಸುತ್ತಿತ್ತು. ತೋರಿಸಬೇಕಲ್ಲ! ಕಾರ್ಡ್ ಸಿಗುತ್ತಿಲ್ಲ ಎಂದು ಒಂದೇ ರಾಗ ಹಿಡಿಯಿತು. ಕಾರ್ಡನ್ನು ರಬ್ಬರಿನಿಂದ ಉಜ್ಜಿದ. ಕೇಬಲ್ ಬದಲಿಸಿದ. ಬಿಟ್ಟುಹೋದ ತಂತಿಗೆ ಬೆಸುಗೆ ಹಾಕಲು ಹೋಗಿ ಬೆರಳು ಸುಟ್ಟುಕೊಂಡ, ಅದಕ್ಕೂ ಗುಮ್ಮನನ್ನೇ ಬೈದ. ಊಟಕ್ಕೆ ಕರೆದ ಹೆಂಡತಿಯ ಮೇಲೂ ರೇಗಿದ. ಮೂರೂವರೆಗೆ ಪರದೆಯ ಮೇಲೆ ಅಕ್ಷರಗಳು ಮೂಡಿದವು.

'ಮಾಡಿದವರು' ಎಂಬುದರ ಕೆಳಗೆ ಒಂದೇ ಹೆಸರಿತ್ತು. ಚಿಪ್ಪಣ್ಣನದು.

"ಗುಮ್ಮಣ್ಣನ ಹೆಸರು ಎಲ್ರೀ?" ಹೆಂಡತಿ ಬಂದು ಇಣುಕಿದಳು.

"ಹಾಂ, ಈಗ ನೆನಪಾಯ್ತು. ಜಾಗ ಸಾಲಲಿಲ್ಲ ಕಣೇ. ಒಂದು ಅಕ್ಷರಕ್ಕೆ ಒಂದು ಮನೆ ಬೇಕು. ಅವನ ನಿಜವಾದ ಹೆಸರು ಉದ್ದ, ಇಪ್ಪತ್ನಾಲ್ಕು ಮನೆ ಬೇಕಿತ್ತು. ಅಷ್ಟು ಉಳಿದಿರಲಿಲ್ಲ. ನಾನೇ ನೋಡಿ ಹೇಳಿದ್ದೆ ಅವನಿಗೆ."

"ಇಲ್ಲಿ ಕೆಳಗೆ ಖಾಲಿ ಇಪ್ಪತ್ತು ಅಂತಿದೆ. ಹೆಸರನ್ನ ಒಂಚೂರು ಮೊಟಕು ಮಾಡಿದ್ರೆ ಆಗ್ತಿತ್ತಲ್ಲ, ಪಾಪ."

"ಅದು ಇಪ್ಪತ್ತಲ್ಲ ಮಾರಾಯ್ತಿ. ಚಿಪ್ಪಿನೊಳಗೆ ಹತ್ತರ ಲೆಕ್ಕ ನಡಿಯಲ್ಲ, ಹದಿನಾರರ ಲೆಕ್ಕ. ಎರಡರ ಮುಂದೆ ಸೊನ್ನೆ ಅಂದ್ರೆ ಎರಡು ಹದಿನಾರು, ಮೂವತ್..."

ಅವನು ಪರದೆಯ ಹತ್ತಿರಕ್ಕೆ ಬಗ್ಗಿ ಆ ಸಂಖ್ಯೆಯನ್ನು ಮತ್ತೊಮ್ಮೆ ಓದಿದ.

ಕಾರ್ಡು ಮಾಡುವ ಕಾಲಕ್ಕೆ ಅವನಿಗೆ ಈ ಲೆಕ್ಕ ಹೊಸದು. ಗೊತ್ತು ಗೊತ್ತು ಎಂದು ತಲೆಯಾಡಿಸುತ್ತಿದ್ದನೇ ಹೊರತು ಬರುತ್ತಿರಲಿಲ್ಲ. ಆ ದಿನ ಇದೇ ಪರದೆಯನ್ನು ತೋರಿಸಿ, "ಇಪ್ಪತ್ತೇ ಇದೆ ಕಣೋ, ನಿನ್ನ ಹೆಸರು ಹಿಡಿಸಲ್ಲ" ಎಂದಿದ್ದ. ಗುಮ್ಮ ಪರದೆಯನ್ನು ನೋಡಿದ, ಆಮೇಲೆ ಇವನ ಮುಖವನ್ನು ನೋಡಿದ. "ಸರಿ ಬಿಡು" ಎಂದ. ಆ ಪರದೆಯ ಪ್ರೋಗ್ರಾಂ ಬರೆದವನೇ ಗುಮ್ಮ. ಮೂವತ್ತೆರಡು ಮನೆ ಖಾಲಿ ಇರುವುದು ಅವನಿಗೆ ಕಾಣದೆ ಇದ್ದೀತೇ? ಚಿಪ್ಪಣ್ಣನಿಗೆ ನಾಚಿಕೆಯಾಯಿತು. ಇಷ್ಟು ವರ್ಷ ಯಾರನ್ನು ಬೈದುಕೊಂಡು ಬಂದೆ!

ಅಷ್ಟರಲ್ಲಿ ಮೇಡಂ ಫೋನ್ ಮಾಡಿದರು. "ಸಿಕ್ತಾ ಸರ್?"

"ಸಿಕ್ತು. ನನ್ನ ಹೆಸರೊಂದೇ ಇದೆ."

"ಹೌದಾ! ಹಾಗಾದ್ರೆ ಅವರ ಹೆಸರು ತೆಗೆದು ನಿಮ್ಮದು ಹಾಕ್ಲಾ?"

"ಬೇಡ, ಬೇಡ. ಅವನದ್ದು ಹಾಗೇ ಇರ್ಲಿ. ಅವನ ನಂಬರ್ ಇದ್ರೆ ಕೊಡಿ."

ಮೇಡಂ ಹುಡುಕಿ ಕೊಟ್ಟ ನಂಬರ್ ಒತ್ತುವಾಗ ಸುಟ್ಟ ಬೆರಳು ಚುರುಗುಟ್ಟಿತು. ಆ ಕಡೆಯಿಂದ "ಹಲೋ" ಎಂದದ್ದು ಅದೇ ದನಿ.

"ಗುಮ್ಮಾ, ಅದು ಇಪ್ಪತ್ತಲ್ಲ ಕಣೋ. ಮೂವತ್ತೆರಡು. ನನಗೆ ಈಗ ಹೊಳೀತು."

ಲೈನ್ ಕಟ್ಟಾಯಿತೇನೋ ಎಂದು ಚಿಪ್ಪಣ್ಣ ಫೋನನ್ನು ಕಿವಿಯಿಂದ ತೆಗೆದು ನೋಡಿದ.

"ನಂಗೆ ಅವತ್ತೇ ಗೊತ್ತಿತ್ತು," ಎಂದ ಗುಮ್ಮ. "ನಿಂಗೂ ಗೊತ್ತಿದೆ ಅಂದ್ಕೊಂಡೆ."