ಕಿಡಿ ಒರೆಸಿದವರು

ತೆರೆಯ ಮೇಲೆ ಸಾಣೆಗಲ್ಲು ಗಿರಗಿರನೆ ತಿರುಗುತ್ತಿತ್ತು, ಕತ್ತಿ ಅದಕ್ಕೆ ಉಜ್ಜಿಕೊಳ್ಳುತ್ತಿತ್ತು, ಕಿಡಿ ಮಾತ್ರ ಒಂದೂ ಇಲ್ಲ. ಹಳೆಯ ಕಪ್ಪು-ಬಿಳುಪು ಚಿತ್ರದ ಡಿಜಿಟಲ್ ಪ್ರತಿಯನ್ನು ಕೊನೆಯ ಸಲ ನೋಡಿ ಒಪ್ಪಿಗೆ ಕೊಡುವುದು ಅವಳ ಕೆಲಸ. ಹಿಂದಕ್ಕೆ ಓಡಿಸಿ ಮತ್ತೆ ನೋಡಿದಳು. ಮೈ ಉರಿದುಹೋಯಿತು.

ಆ ದೃಶ್ಯದಲ್ಲಿ ಹೆಂಡತಿ ಬಿಟ್ಟುಹೋಗುತ್ತೇನೆ ಎನ್ನುತ್ತಾಳೆ. ಸಾಣೆಯವನು ತುಟಿ ಬಿಚ್ಚುವುದಿಲ್ಲ. ಅವನ ಸಿಟ್ಟೆಲ್ಲ ಆ ಕಿಡಿಗಳಲ್ಲೇ. ಮುಖ ನಟನದು, ಹತ್ತಿರದಿಂದ ತೋರಿಸುವಾಗ ಕತ್ತಿ ಹಿಡಿದ ಕೈ, ಚಿತ್ರ ನೋಡುತ್ತಿದ್ದ ಇವಳ ಸ್ವಂತ ಮಾವನದು. ಚಿತ್ರೀಕರಣದ ದಿನ ಕಿಡಿ ಹಾರಿ ಹುಬ್ಬು ಸುಟ್ಟುಕೊಂಡ ಕತೆಯನ್ನು ಊಟಕ್ಕೆ ಕೂತಾಗಲೆಲ್ಲ ಹೇಳಿ ಮೊಮ್ಮಕ್ಕಳ ತಲೆ ತಿನ್ನುತ್ತಿದ್ದರು.

“ಏನೋ ಇಸ್ತ್ರಿ, ಏನು ಮಾಡಿಟ್ಟಿದ್ದೀಯ?”

ಸಿಕ್ಕಿದ್ದನ್ನೆಲ್ಲ ನುಣ್ಣಗೆ ಮಾಡುವ ಜೊತೆಯ ಕೆಲಸಗಾರನಿಗೆ ಅವಳಿಟ್ಟ ಹೆಸರದು.

“ನಾನಲ್ಲ ಅಕ್ಕಾ, ಸಾಫ್ಟ್‌ವೇರು. ಒಂದೇ ಫ್ರೇಮಲ್ಲಿ ಮಿಂಚಿ ಮಾಯ ಆಗೋದನ್ನೆಲ್ಲ ಧೂಳು ಅನ್ಕೊಳ್ಳುತ್ತೆ. ಆದ್ರೂ ನೋಡಿ, ಕನ್ನಡಿ ಥರ ಇದೆ!”

“ನಿನ್ನ ತಲೆ ಥರ ಇದೆ. ಮೇಲೆ ಮಿರಮಿರ, ಒಳಗೇನೂ ಇಲ್ಲ.”

ಗದ್ದಲಕ್ಕೆ ಸ್ಟುಡಿಯೋ ಯಜಮಾನ ಎದ್ದು ಬಂದ. “ನಾಳೆ ಕೊಡಬೇಕು ಕಣಮ್ಮಾ. ಒಪ್ಪಿಗೆ ಹಾಕು, ಮೂಲ ಸ್ಕ್ಯಾನ್ ಅಳಿಸಿ ಡಿಸ್ಕ್ ಖಾಲಿ ಮಾಡೋಣ. ಕಿಡಿ ನೋಡೋಕೆ ಯಾರು ಬರ್ತಾರೆ?”

“ಅಳಿಸೋದಾ? ರೀಲು ಅಂಟಿಕೊಂಡು ಹುಳಿ ವಾಸನೆ ಹೊಡೀತಿದೆ. ಇನ್ನೊಂದು ಸಲ ಯಂತ್ರಕ್ಕೆ ಹಾಕಿದ್ರೆ ಪುಡಿಪುಡಿ. ಇರೋದು ಇದೊಂದೇ ಸ್ಕ್ಯಾನ್!”

“ನಿಮ್ಮ ಮಾವನ ಕೈಗೋಸ್ಕರ ಇಷ್ಟೊಂದು ರಂಪಾನಾ?”

“ಮಾವನ ಹುಬ್ಬು ಯಾವತ್ತೋ ಬೆಳೀತು ಸಾರ್. ಈ ಸೀನು ಮತ್ತೆ ಬೆಳೆಯಲ್ಲ. ಉಳಿಸ್ತೀವಿ ಅಂತ ಬೋರ್ಡು ಹಾಕ್ಕೊಂಡು ಒರೆಸೋ ಕೆಲಸ ಮಾಡ್ತಿದ್ದೀವಲ್ಲ, ನಾಚಿಕೆ ಆಗಬೇಡ್ವಾ?”

ಯಾರ ಉತ್ತರಕ್ಕೂ ಕಾಯದೆ ಅವಳು ಮೂಲ ಸ್ಕ್ಯಾನಿನಿಂದ ಆ ದೃಶ್ಯವನ್ನು ಎತ್ತಿ ತಂದು ಕೂರಿಸಿದಳು. ಕಿಡಿಗಳು ಚಿಮ್ಮಿ ಹಾರಿದವು. ಜೊತೆಗೇ ಗೀರು, ಕೂದಲೆಳೆ, ಧೂಳು.

“ಧೂಳಿದೆ,” ಯಜಮಾನ ಹಲ್ಲು ಕಡಿದ.

“ಟೈಮ್ ಕೊಟ್ರೆ ಒಂದೊಂದೇ ಕೈಯಾರೆ ಹೆಕ್ಕಿ ತೆಗೀತೀನಿ. ಇಲ್ಲಾಂದ್ರೆ ಧೂಳಿನ ಸಮೇತ ಹೋಗಲಿ. ಸ್ಕ್ಯಾನ್ ಅಳಿಸೋಕೆ ನನ್ನ ಒಪ್ಪಿಗೆ ಇಲ್ಲ.”

“ಹಟ ಮಾಡಿದ್ರೆ ಚಿತ್ರದ ಕೊನೇಲಿ ನಿನ್ನ ಹೆಸರೂ ಇರಲ್ಲ, ನೆನಪಿಟ್ಕೋ.”

ಅವಳು ಸ್ಕ್ಯಾನ್ ಇದ್ದ ಡಿಸ್ಕನ್ನು ಬೀರುವಿನಲ್ಲಿಟ್ಟು ಬೀಗ ಜಡಿದಳು. ಬೀಗದ ಕೈಯನ್ನು ತನ್ನ ಚೀಲಕ್ಕೆ ಹಾಕಿಕೊಂಡಳು.

“ನನ್ನ ಹೆಸರು ತೆಗೀರಿ ಸಾರ್. ಅದನ್ನೂ ಧೂಳು ಅಂದ್ಕೊಂಡು ಒರೆಸಿಬಿಡಿ. ಕಿಡಿ ಮಾತ್ರ ಮುಟ್ಟಬೇಡಿ.”